ಪ್ರೆಸಿಡೆಂಟ್ ಆಂಟಿಯ ಹಣೆ

ನಾನು ಈಗಿರುವ ಪರ್ತ್‌ನ ಪಿಯಾರಾ ವಾಟರ್ಸ್‌ನಲ್ಲಿ ಯಾರ ಮನೆಯಿಂದಲಾದರೂ ಹುರಿದ ಕಡಲೆಕಾಯಿಯ ವಾಸನೆ ಬಂದರೆ ನನಗೆ ಮೊದಲು ಸಿಟ್ಟು ಬರುತ್ತದೆ, ನೆನಪು ಆಮೇಲೆ. ಅಡಿಲೇಡ್‌ನ ಸ್ಯಾಲಿಸ್‌ಬರಿಯಲ್ಲಿ ನಾನು ಚಿಕ್ಕವಳಿದ್ದಾಗ ನಮ್ಮ ಪಕ್ಕದ ಮನೆಯಾಕೆ ಕಡಲೆಕಾಯಿ ಹುರಿದು, ಅಂಗೈಯಲ್ಲಿ ಉಜ್ಜಿ, ಸಿಪ್ಪೆ ಊದಿ ನನಗೆ ಕೊಡುತ್ತಿದ್ದರು. ಶಾಲೆ ಬಿಟ್ಟ ಮೇಲೆ ಅಮ್ಮ ಕೆಲಸದಿಂದ ಬರುವವರೆಗೆ ನಾನು ಅಲ್ಲೇ. ಆಕೆಯ ಗಂಡ ಆಫ್ರಿಕಾದ ಒಂದು ದೇಶದ ಅಧ್ಯಕ್ಷರಾಗಿದ್ದವರು. ಸೈನ್ಯ ಅವರನ್ನು ಇಳಿಸಿ ಸೆರೆಗೆ ಹಾಕಿತ್ತು. ಆಸ್ಟ್ರೇಲಿಯಾಕ್ಕೆ ಬಂದು ಆಕೆ ಒಂದು ವೃದ್ಧಾಶ್ರಮದಲ್ಲಿ ಬೆಳಗಿನ ಪಾಳಿಯಲ್ಲಿ ಬಟ್ಟೆ ಒಗೆಯುತ್ತಿದ್ದರು. "ಜನರಿಗೆ ಕೈ ಬೀಸುವಾಗ ಮೊಣಕೈ ಅಲುಗಬಾರದು," ಎಂದು ನನಗೆ ಕಲಿಸಿ, ತಾವೇ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಆಕೆಯ ಮನೆಯ ಕಿಟಕಿಯ ಪರದೆ ನೀಲಿಯೋ ಹಸಿರೋ ಹೇಳಲಾರೆ. ನೆನಪು ತನಗೆ ಬೇಕಾದ ಬಣ್ಣ ಬಳಿದುಕೊಳ್ಳುತ್ತದೆ. ನಾನು ಅದನ್ನು ನಂಬುವುದಿಲ್ಲ.

ನಮ್ಮ ಕನ್ನಡದ ಹೆಂಗಸರಿಗೆ ಆಕೆ 'ಪ್ರೆಸಿಡೆಂಟ್ ಆಂಟಿ'. ಪ್ರತಿ ಗೌರಿ ಹಬ್ಬಕ್ಕೂ ಅಮ್ಮ ಆಕೆಯನ್ನು ಸೋಫಾದ ನಡುವೆ ಕೂರಿಸಿ ಅರಿಶಿನ ಕುಂಕುಮ ಕೊಡುತ್ತಿದ್ದಳು. ಆಮೇಲೆ ಪಕ್ಕದಲ್ಲಿ ನಿಂತು ಫೋಟೋ ತೆಗೆಸಿಕೊಳ್ಳಲು ಎಲ್ಲರಿಗೂ ಅವಸರ. "ಬೆಂಗ್ಳೂರಲ್ಲಿ ಕಾರ್ಪೊರೇಟರ್ ಹೆಂಡ್ತೀನೂ ನಮ್ಮನೆ ಮೆಟ್ಲು ಹತ್ತಿರ್ಲಿಲ್ಲ ಕಣ್ರೀ, ಇಲ್ಲಿ ನೋಡಿ ನಮ್ ಲೆವೆಲ್ಲು!" ಎನ್ನುತ್ತಿದ್ದರು ಅಮ್ಮನ ಗೆಳತಿ ವತ್ಸಲಾ ಆಂಟಿ.

ನನಗೆ ಹನ್ನೊಂದು ವರ್ಷವಾಗಿದ್ದಾಗ ಆಕೆಯ ಗಂಡ ಸೆರೆಯಲ್ಲೇ ಸತ್ತ ಸುದ್ದಿ ಬಂತು. ಆ ವರ್ಷದ ಹಬ್ಬಕ್ಕೂ ಆಕೆ ಬಂದರು. ನಮ್ಮ ಕಟ್ಟಳೆ ಆಕೆಗೆ ಗೊತ್ತಿರಲಿಲ್ಲ, ಬರಬೇಡಿ ಎನ್ನುವ ಧೈರ್ಯ ನಮ್ಮವರಿಗಿರಲಿಲ್ಲ. ಕುಂಕುಮದ ತಟ್ಟೆ ನನ್ನ ಕೈಯಲ್ಲಿತ್ತು. ಅಮ್ಮ ನನ್ನನ್ನು ಅಡುಗೆಮನೆಗೆ ಎಳೆದು ಪಿಸುಗುಟ್ಟಿದಳು: "ಅವ್ರನ್ನ ಬಿಟ್ಟು ಮುಂದೆ ಹೋಗು ಪುಟ್ಟಿ. ಗಂಡ ಹೋದವ್ರಿಗೆ ಕೊಡಲ್ಲ."

"ಬಟ್ ವೈ?"

"ಆಮೇಲೆ ಹೇಳ್ತೀನಿ, ನಡಿ."

ಪ್ರತಿ ವರ್ಷದಂತೆ ಆಕೆ ಹಣೆಯನ್ನು ಮುಂದೆ ಚಾಚಿ ಕಣ್ಣು ಮುಚ್ಚಿಕೊಂಡರು. ನಾನು ಆಕೆಯನ್ನು ದಾಟಿ ವತ್ಸಲಾ ಆಂಟಿಯ ಮುಂದೆ ನಿಂತೆ. ಇದನ್ನು ನಾನು ಎಷ್ಟೋ ಸಲ ತಿದ್ದಿ ಹೇಳಿದ್ದೇನೆ. ಒಮ್ಮೆ ಹಿಂದಿರುಗಿ ಕುಂಕುಮ ಇಟ್ಟಂತೆ, ಒಮ್ಮೆ ತಟ್ಟೆ ಕೈಜಾರಿ ಬಿದ್ದಂತೆ. ಎರಡೂ ಸುಳ್ಳು. ಆಕೆಯ ಗಂಡನನ್ನು ಕೊಂದವರಾದರೂ ಆಕೆಯನ್ನು ಮನೆಗೆ ಕರೆದು, ಸೋಫಾದಲ್ಲಿ ಕೂರಿಸಿ ಅವಮಾನಿಸಿರಲಿಲ್ಲ. ಅದನ್ನು ಮಾಡಿದವರು ನಾವು, ರೇಷ್ಮೆ ಸೀರೆ ಉಟ್ಟುಕೊಂಡು, ಕೋಸಂಬರಿ ಬಡಿಸುತ್ತಾ.

ಕೆಲವೇ ತಿಂಗಳಲ್ಲಿ ಆಕೆ ಬ್ರಿಸ್ಬೇನ್‌ನಲ್ಲಿದ್ದ ಮಗಳ ಮನೆಗೆ ಹೊರಟುಹೋದರು. ಕಳೆದ ತಿಂಗಳು ಅಲ್ಲೇ ತೀರಿಕೊಂಡರೆಂದು ತಿಳಿದು ಅಮ್ಮನಿಗೆ ಫೋನ್ ಮಾಡಿದೆ.

"ಅಯ್ಯೋ ಪಾಪ, ದೊಡ್ಡ ಮನಸ್ಸಿನವ್ರು. ಅವತ್ತು ಕುಂಕುಮ ಬೇಡ ಅಂತ ಅವ್ರೇ ಅಂದ್ಬಿಟ್ರಲ್ಲ."

"ಇಲ್ಲಮ್ಮ. ಕಣ್ಣು ಮುಚ್ಕೊಂಡು ಕಾಯ್ತಾ ಇದ್ರು."

"ಚಿಕ್ಕೋಳು ನೀನು. ನಿಂಗೇನು ನೆನಪಿರುತ್ತೆ?"

ಇದೆ. ನನ್ನಲ್ಲಿ ಇಲ್ಲದಿರುವುದು ಒಂದೇ, ಆಕೆ ಕಣ್ಣು ತೆರೆದ ಗಳಿಗೆ. ಅಷ್ಟರಲ್ಲಿ ನಾನು ತಟ್ಟೆ ಹಿಡಿದು ಮುಂದಿನವರ ಬಳಿಗೆ ಹೋಗಿಬಿಟ್ಟಿದ್ದೆ.