ಮಗ್ಗಲೂರಿನ ಹಾಡು

ಪಕ್ಕದ ಮನೆಯ ಖಾಲಾ ಅವರ ಬಲಗೈ ನಡುಬೆರಳಿಗೆ ಸದಾ ಒಂದು ಹಿತ್ತಾಳೆಯ ಟೋಪಿ ಇರುತ್ತಿತ್ತು. ಸೂಜಿ ಚುಚ್ಚದಿರಲೆಂದು ಹೊಲಿಯುವವರು ಹಾಕಿಕೊಳ್ಳುವಂಥದ್ದು. ರೊಟ್ಟಿ ಬಡಿಯುವಾಗಷ್ಟೇ ಅದನ್ನು ತೆಗೆದು ಕಿಟಕಿಯಲ್ಲಿಡುತ್ತಿದ್ದರು. ಆಗ ಆ ಬೆರಳ ತುದಿ ನೀರಲ್ಲಿ ನೆನೆಸಿಟ್ಟಂತೆ ಬೆಳ್ಳಗೆ ಸುಕ್ಕಾಗಿ ಕಾಣುತ್ತಿತ್ತು. ಅದು ಬೇರೆ ಯಾರದೋ ಬೆರಳು, ಇವರಿಗೆ ಹೇಗೋ ಬಂದು ಅಂಟಿಕೊಂಡಿದೆ ಎಂದು ಚಿಕ್ಕವಳಿದ್ದಾಗ ನನಗೆ ಗುಮಾನಿ.

ಬೈಲಹೊಂಗಲದಲ್ಲಿ ನಮ್ಮಿಬ್ಬರ ಮನೆಗೂ ಒಂದೇ ಗೋಡೆ. ಈ ಕಡೆ ನಮ್ಮಪ್ಪನ ಮಡಿ, ಪಂಚಾಂಗ, ಮದುವೆ ಮುಹೂರ್ತಕ್ಕೆ ಬಂದವರ ಗದ್ದಲ. ಆ ಕಡೆ ಅವರ ಯಜಮಾನರ ಗಾದಿ ಅಂಗಡಿ, ಗಾಳಿಯಲ್ಲೆಲ್ಲ ಹತ್ತಿಯ ಎಳೆ. ಖಾಲಾ ಹಳೆ ಸೀರೆ, ಹರಿದ ಅಂಗಿಗಳನ್ನು ಕೂಡಿಸಿ ಕೌದಿ ಹೊಲಿಯುತ್ತಿದ್ದರು. ಓಣಿಯ ಯಾವ ಮಗುವಿಗೆ ಜ್ವರ ಬಂದರೂ ಎತ್ತಿಕೊಂಡು ಹೋಗಿ ಅವರ ಹೊರಸಿನ ಮೇಲೆ ಮಲಗಿಸುವುದು ರೂಢಿ. ಅಷ್ಟೆಲ್ಲ ಮಡಿ ಮಾಡುವ ನನ್ನ ಅವ್ವನೂ ಅದರಲ್ಲಿ ಹಿಂದೆ ಬಿದ್ದವಳಲ್ಲ.

"ಗುಳಿಗಿ ಕೊಟ್ಟೀರಿಲ್ಲೋ?" ಖಾಲಾ ಮೊದಲು ಕೇಳುವುದೇ ಅದನ್ನು.

"ಕೊಟ್ಟೀನ್ರಿ. ಇನ್ನೂ ಇಳಿವಲ್ತು. ಮೈ ಹೆಂಚಿನಂಗ ಅದ."

"ಗುಳಿಗಿ ಅದರ ಕೆಲಸ ಮಾಡ್ತೈತ್ರಿ ಬಾಯಾರ. ಅಲ್ಲೀತನಕಾ ಕೂಸು ಸುಮ್ನ ಹೆಂಗ ಬಿದ್ದಿರಬೇಕು? ನೀವು ಹೋಗ್ರಿ, ನಾ ನೋಡ್ಕೋತೇನಿ."

ಆಮೇಲೆ ಹೊಲಿಯುತ್ತಿದ್ದ ಕೌದಿಯ ಅರ್ಧವನ್ನು ನನಗೆ ಹೊದಿಸಿ, ದಾರದ ಒಂದು ತುದಿಯನ್ನು ನನ್ನ ಮುಷ್ಟಿಯಲ್ಲಿಟ್ಟು, ಬೆರಳ ಟೋಪಿಯಿಂದ ಹೊರಸಿನ ಕಾಲಿಗೆ ಟಕ್ ಟಕಾ ಟಕ್ ಎಂದು ಬಡಿಯುತ್ತ ಹಾಡು ತೆಗೆಯುತ್ತಿದ್ದರು.

"ಬಾರೋ ಬಿಸಿಲರಾಯ, ಹಾದಿ ತಪ್ಪಿ ಬಂದಿ,
ಕೂಸಿನ ಮೈಯಾಗ ಕುಂತು ಏನು ತಿಂದಿ?
ಮಗ್ಗಲೂರ ಹೊಳಿ ಗುಡ್ಡ ಹತ್ತಿ ಮಲಗೈತಿ,
ನಿನ್ನ ಹಾಸಿಗಿ ಅಲ್ಲೇ ತಣ್ಣಗ ಬಿದ್ದೈತಿ."

ಮಗ್ಗಲೂರು ಯಾವ ತಾಲ್ಲೂಕಿನಲ್ಲೂ ಇಲ್ಲ. ಜ್ವರದಲ್ಲಿ ಮಗ್ಗಲು ಬದಲಿಸಿದವರಿಗಷ್ಟೇ ಕಾಣುವ ಊರಂತೆ ಅದು. ಅಲ್ಲಿನ ಮನೆಗಳಿಗೆ ಮಾಳಿಗೆಯಲ್ಲಿ ಬಾಗಿಲು. ಹೊಳೆ ಹಗಲೆಲ್ಲ ಹರಿದು ದಣಿದು ಸಂಜೆ ಗುಡ್ಡ ಹತ್ತಿ ಮಲಗುತ್ತದೆ. ಕಾಗೆಗಳು ಚಪ್ಪಲಿ ಬಿಟ್ಟು ಒಳಗೆ ಬರುತ್ತವೆ. ಆ ಊರಿನ ಬಿಸಿಲರಾಯನೇ ದಾರಿ ತಪ್ಪಿ ನಮ್ಮ ಮೈ ಹೊಕ್ಕಿರುವ ಜ್ವರ. ಅವನನ್ನು ಕೂರಿಸಿ, ಉಣಿಸಿ, ದಾರಿ ತೋರಿಸಿ ಕಳಿಸಬೇಕು. ಹಾಡು ಮುಗಿದ ಮೇಲೆ ಖಾಲಾ ಕೇಳುತ್ತಾರೆ: "ಯಾವ ಕಡೆ ಹೋದ?" ಮಲಗಿದವರು ಒಂದು ದಿಕ್ಕಿಗೆ ಬೆರಳು ಮಾಡಬೇಕು. ಕೌದಿಯ ಆ ಮಗ್ಗುಲಿಗೆ ಅವರು ಒಂದು ತೇಪೆ ಹಚ್ಚುತ್ತಾರೆ. ಅವನು ತಿರುಗಿ ಬರದಂತೆ ಬಾಗಿಲು ಹಾಕಿದ ಹಾಗೆ.

ಒಂದು ಸಲ ನಾನು ಬಾಗಿಲು, ಕಿಟಕಿ ಎಲ್ಲ ಬಿಟ್ಟು ಅವರ ಕಡೆಗೇ ಬೆರಳು ಮಾಡಿದೆ. ಯಾಕೆ ಎಂದು ಈಗಲೂ ಗೊತ್ತಿಲ್ಲ. ಕರೆಯಲು ಬಂದಿದ್ದ ಅವ್ವ ಗಾಬರಿಯಾಗಿ ನನ್ನ ಕೈ ಹಿಡಿದು ಕೆಳಗಿಳಿಸಿದಳು. ಖಾಲಾ ಮಾತ್ರ ಹೊಟ್ಟೆ ಹಿಡಿದುಕೊಂಡು ನಕ್ಕರು.

"ಬರ್ಲಿ ಬಿಡ್ರಿ, ನನ್ನ ಕಡೆನ ಬರ್ಲಿ. ಒಂದ ಹೊತ್ತು ಉಣ್ಣಾಕ ಹಾಕಿ ಕಳಸ್ತೇನಿ."

ನನ್ನ ಹಳೆ ಫ್ರಾಕಿನ ತುಂಡನ್ನು ಕೌದಿಯಲ್ಲಿ ತಮ್ಮ ಮಗ್ಗುಲಿಗೆ ಹೊಲಿದುಕೊಂಡರು. ಆ ವಾರವೇ ಅವರು ಜ್ವರದಿಂದ ಮಲಗಿದರು. ಓಣಿಯಲ್ಲಿ ಅರ್ಧ ಮನೆ ಕೆಮ್ಮುತ್ತಿದ್ದ ದಿನಗಳು. ಹವಾ ಬದಲಾಗಿದ್ದಕ್ಕೆ ಬಂದಿರಬೇಕು. ಇಂದು ರಾಮದುರ್ಗದಲ್ಲಿ ಔಷಧ ಅಂಗಡಿ ನಡೆಸುವ ನಾನು ಅದನ್ನು ಇನ್ನೊಬ್ಬರಿಗೆ ಬಿಡಿಸಿ ಹೇಳಬಲ್ಲೆ. ನನಗೆ ನಾನೇ ಹೇಳಿಕೊಂಡರೆ ಮಾತ್ರ ನಾಲಿಗೆ ತಡವರಿಸುತ್ತದೆ.

ಹೋದ ವರ್ಷ ಅವರ ಸೊಸೆ ಫೋನ್ ಮಾಡಿದಳು. "ನಮ್ಮ ಅತ್ತಿಯವರಿಗೆ ಲಕ್ವಾ ಹೊಡದೈತಿ ಅಕ್ಕಾ. ದವಾಖಾನಿಯಿಂದ ಮನಿಗೆ ಕರ್ಕೊಂಡ ಬಂದೇವಿ. ಮಾತಿಲ್ಲ, ಬಲಗೈ ಇಲ್ಲ. ಎಡಗೈಲೆ ಹೊರಸಿಗೆ ಟಕ್ ಟಕ್ ಅಂತ ಬಡದ ಬಡೀತಾರ. ಉಣವಲ್ರು, ಮಲಗವಲ್ರು. ಏನ್ ಬೇಕೋ ತಿಳೀವಲ್ತು."

ನನಗೆ ತಿಳಿಯಿತು. ಅಂಗಡಿ ಮುಚ್ಚಿ, ಸವದತ್ತಿಯಲ್ಲಿ ಬಸ್ಸು ಬದಲಿಸಿ ಹೋದೆ.

ಅಲ್ಲಿ ಆಗಲೇ ನಮ್ಮ ಓಣಿಯ ಹಳೆ ಗೆಳೆಯ ಕೂತಿದ್ದ, ಈಗ ಕಿತ್ತೂರಿನ ಹೆದ್ದಾರಿಯಲ್ಲಿ ಲಾರಿ ಓಡಿಸುವವನು. ಅವನಿಗೂ ಆ ಬಡಿತದ ಗುರುತು ಸಿಕ್ಕಿತ್ತು. ನಾನು ಹಾಡು ತೆಗೆದೆ. ಎರಡು ಸಾಲು ದಾಟುವುದರೊಳಗೆ ಅವನು ತಡೆದ.

"ಏ, ಹಂಗಲ್ಲ! ಬಿಸಿಲರಾಯ ಕಳ್ಳ ಅದಾನ. ಅವನ ಬೆನ್ನ ಹಿಂದ ನಾಯಿ ಬಿಡಬೇಕು."

"ಯಾವ ನಾಯಿ? ಮಗ್ಗಲೂರಿನ್ಯಾಗ ನಾಯೇ ಇಲ್ಲ."

"ಹೊಳಿನೂ ಇಲ್ಲಲೇ! ಬರೇ ಉಸುಕು ಅಲ್ಲಿ."

ಸೊಸೆ ಬಾಗಿಲಲ್ಲಿ ನಿಂತು ಮೆಲ್ಲಗೆ ಅಂದಳು, "ನಮ್ಮ ಹುಡುಗೂರ್ಗೆ ಹಾಡಿದ್ದು ಬ್ಯಾರೆನ ಐತ್ರಿ. ಅದರಾಗ ರಾಯನ ಇಲ್ಲ. ಆಡು ಕಳಕೊಂಡ ಮುದುಕಿ ಒಬ್ಬಾಕಿ ಅದಾಳ."

ಇಷ್ಟು ವರ್ಷ ಓಣಿಗೆಲ್ಲ ಒಂದೇ ಹಾಡು ಎಂದುಕೊಂಡವರು ನಾವು. ಹಾಗಾದರೆ ಇವರಿಗೆ ಬೇಕಾದದ್ದು ಯಾವುದು? ಅವರ ಚಿಕ್ಕಂದಿನಲ್ಲಿ ಅವರಿಗೆ ಯಾರಾದರೂ ಹಾಡಿದ್ದರೆ? ಅದು ನಾವು ಮೂವರೂ ಕೇಳದ ನಾಲ್ಕನೆಯದಾಗಿದ್ದರೆ? ಹೊರಸಿನ ಬಡಿತ ನಿಲ್ಲಲಿಲ್ಲ. ಕಡೆಗೆ ಮೂವರೂ ನಮ್ಮ ನಮ್ಮದನ್ನೇ ಒಟ್ಟಿಗೆ ಹಾಡಿದೆವು. ರಾಯ ಉಣ್ಣುತ್ತಿದ್ದ, ನಾಯಿಗಳು ಅಟ್ಟುತ್ತಿದ್ದವು, ಮುದುಕಿ ಆಡು ಹುಡುಕುತ್ತಿದ್ದಳು. ಅಂಥ ಕೆಟ್ಟ ಹಾಡನ್ನು ಬೈಲಹೊಂಗಲ ಕೇಳಿರಲಿಕ್ಕಿಲ್ಲ. ಮುಗಿಯುವ ಹೊತ್ತಿಗೆ ಬಡಿತ ನಿಂತಿತ್ತು.

"ಯಾವ ಕಡೆ ಹೋದ, ಖಾಲಾ?" ಎಂದು ಕೇಳಿದೆ.

ಎಡಗೈ ನಿಧಾನವಾಗಿ ಎದ್ದಿತು. ನನ್ನ ಕಡೆಗೆ.

"ನೀರ ಬೇಕಾಗೇತಿ ಅವರಿಗೆ," ಎಂದ ಗೆಳೆಯ. ನನ್ನ ಬೆನ್ನ ಹಿಂದೆ ನೀರಿನ ಕೊಡ ಇದ್ದದ್ದು ನಿಜ. ಸೊಸೆ ಚಮಚದಲ್ಲಿ ಕುಡಿಸಿದಳು. ಕುಡಿದರು. ಕೈ ಮತ್ತೆ ನನ್ನ ಕಡೆಗೇ ಎದ್ದಿತು. ನನಗೆ ಹೆದರಿಕೆಯಾಯಿತು, ಸುಳ್ಳೇಕೆ ಹೇಳಲಿ. ತಮ್ಮ ಮೈಯಲ್ಲಿದ್ದುದನ್ನು ನನಗೆ ದಾಟಿಸುತ್ತಿದ್ದಾರೋ, ಹಾಡನ್ನು ಒಪ್ಪಿಸುತ್ತಿದ್ದಾರೋ, ಯಾರು ಇವಳು ಎಂದು ಕೇಳುತ್ತಿದ್ದಾರೋ ಒಂದೂ ಗೊತ್ತಾಗಲಿಲ್ಲ. ಬಾಯಿಗೆ ಬಂದದ್ದು ಅವರದೇ ಮಾತು.

"ಬರ್ಲಿ ಬಿಡ್ರಿ, ನನ್ನ ಕಡೆನ ಬರ್ಲಿ."

ತುಟಿಯ ಒಂದು ಮಗ್ಗುಲು ಅಲುಗಿತು. ನಕ್ಕರು ಎಂದು ನಾನು. ಲಕ್ವಾ ಹೊಡೆದ ಬಾಯಿ ಹಾಗೇ ಅಲುಗುತ್ತದೆ ಎಂದು ಗೆಳೆಯ. ಅಂದು ಅವರು ಗಂಜಿ ಉಂಡು ಮಲಗಿದರು. ಮುಂದಿನ ಶುಕ್ರವಾರ ಹೋಗಿಬಿಟ್ಟರು.

ಅವರು ಹೊದ್ದಿದ್ದ ಕೌದಿಯನ್ನೂ ಅವರ ಸೀರೆಯ ತುಂಡೊಂದನ್ನೂ ಸೊಸೆ ನನಗೇ ಕೊಟ್ಟಳು. ನಾನು ಕೂತಿದ್ದ ಮಗ್ಗುಲಲ್ಲಿ ಆ ತುಂಡನ್ನು ಹೊಲಿದೆ. ತೇಪೆ ಸೊಟ್ಟಗಾಯಿತು, ಒಂದು ಮೂಲೆ ಬಿಟ್ಟುಕೊಂಡೇ ಇದೆ. ಬಾಗಿಲು ಸರಿಯಾಗಿ ಹಾಕಿದೆನೋ ಇಲ್ಲವೋ. ಈಗ ಮೈ ಬಿಸಿಯಾದಾಗಲೆಲ್ಲ ನನ್ನ ಅಂಗಡಿಯದೇ ಗುಳಿಗೆ ನುಂಗಿ, ಆ ಕೌದಿ ಹೊದ್ದು ಮಗ್ಗಲು ಬದಲಿಸುತ್ತೇನೆ. ಬಂದವರು ಬಿಸಿಲರಾಯನೋ ಖಾಲಾ ಅವರೋ ತಿಳಿಯುವುದಿಲ್ಲ. ಯಾರಾದರಾಗಲಿ, ಕುಂತು ಉಂಡು ಹೋಗ್ರಿ ಎನ್ನುತ್ತೇನೆ.