ಅತ್ತೆ ಹುರಿದಿಟ್ಟ ರವೆ

ಭಾನುವಾರ ಬೆಳಿಗ್ಗೆ ಆಲ್ಕೊಳದ ನಮ್ಮ ಮನೆಗೆ ಹೊಸ ಓವನ್ನಿನ ಡೆಮೊ ಕೊಡೋಕೆ ಅಂಗಡಿಯವರೊಬ್ಬರು ಬಂದಿದ್ದರು. ನಾನು ಬ್ರೆಡ್ಡು, ಬೇಯಿಸಿದ ಆಲೂಗಡ್ಡೆ, ಪನೀರು ಪದರ ಪದರವಾಗಿ ಜೋಡಿಸಿ, ಕಡಲೆಹಿಟ್ಟು ಕದಡಿದ ಮೊಸರು ಹೊಯ್ದು, ಮೇಲೆ ಚೀಸು ತುರಿದಿಟ್ಟಿದ್ದೆ. ಮನೆಮಂದಿಗೆಲ್ಲ ಅವತ್ತು ಅದೇ ತಿಂಡಿ. ಅತ್ತೆ ಮಾತ್ರ ಯಾವುದಕ್ಕೂ ಇರಲಿ ಅಂತ ಉಪ್ಪಿಟ್ಟಿಗೆ ರವೆ ಹುರಿದು, ಒಲೆ ಮೇಲೆ ನೀರು ಕುದಿಯೋಕಿಟ್ಟಿದ್ದರು.

"ಡಯಲ್ಲನ್ನು ನೂರೆಂಬತ್ತು ಡಿಗ್ರಿಗೆ ತಿರುಗಿಸಿ ಅರ್ಧ ಗಂಟೆ ಬಿಟ್ಟುಬಿಡಿ ಮೇಡಂ," ಅಂದರು ಅಂಗಡಿಯವರು.

ಮಾಚೇನಹಳ್ಳಿಯ ಕಾರ್ಖಾನೆಯಲ್ಲಿ ಫರ್ನೇಸಿನ ಶಾಖ ಅಳೆಯೋದೇ ನನ್ನ ಕೆಲಸ. ಡಯಲ್ಲನ್ನು ಅಲ್ಲಿ ಯಾರೂ ನಂಬಲ್ಲ. ಒಳಗೆ ತಂತಿ ಬಿಟ್ಟು ಮೀಟರ್ ನೋಡಿದ ಮೇಲೇ ಮಾಲು ಇಡೋದು. ಖಾಲಿ ಓವನ್ ಕಾದ ಮೇಲೆ ಕೆಲಸದಿಂದ ಮನೆಗೆ ತಂದಿದ್ದ ನನ್ನ ಮೀಟರಿನ ತಂತಿ ಒಳಗಿಟ್ಟೆ. ಬರೀ ನೂರ ನಲವತ್ತು!

"ನಿಮ್ಮ ಮೀಟರೇ ಕೆಟ್ಟಿರಬೇಕು. ಇದು ಹೊಸ ಪೀಸು ಮೇಡಂ."

ನನಗೆ ರೇಗಿತು. ಅದೇ ತಂತಿಯನ್ನು ಕುದಿಯೋ ನೀರಿಗೆ ಅದ್ದಿದೆ. ತೊಂಬತ್ತೆಂಟು. ನಮ್ಮೂರಿನ ಎತ್ತರಕ್ಕೆ ನೀರು ಕುದಿಯೋದೇ ಅಷ್ಟಕ್ಕೆ. "ಈಗ ಹೇಳಿ, ಯಾವುದು ಕೆಟ್ಟಿರೋದು?"

"ಅಯ್ಯೋ ಮಾರಾಯ್ತಿ, ಉಪ್ಪಿಟ್ಟಿನ ನೀರದು!" ಅಂತ ಅತ್ತೆ ಕೂಗಿದರು.

ಫರ್ನೇಸಿಗೆ ಬಿಡೋ ತಂತಿ ಅದ್ದಿದ ನೀರನ್ನು ಚೆಲ್ಲಬೇಕಾಯಿತು; ಅಲ್ಲಿಗೆ ಸದ್ಯಕ್ಕೆ ಉಪ್ಪಿಟ್ಟಿನ ದಾರಿಯೂ ಮುಚ್ಚಿತು. ಡಯಲ್ಲನ್ನು ಇನ್ನೂರ ಇಪ್ಪತ್ತಕ್ಕೆ ಏರಿಸಿ, ಮೀಟರು ನೂರೆಂಬತ್ತು ತೋರಿಸಿದ ಮೇಲೆ ಪಾತ್ರೆ ಇಟ್ಟೆ. ಅರ್ಧ ಗಂಟೆಗೆ ಹೊಂಬಣ್ಣ ಬಂದು, ಕತ್ತರಿಸಿದರೆ ಒಂದು ಪದರವೂ ಜಾರಲಿಲ್ಲ. ಅಂಗಡಿಯವರು ಎರಡನೇ ಸಲ ಹಾಕಿಸಿಕೊಂಡರು.

ಅತ್ತೆ ಮೂರು ತುಂಡು ತಿಂದು, "ಉಪ್ಪು ಒಂಚೂರು ಮುಂದು," ಅಂದರು. ಆಮೇಲೆ ಎದ್ದುಹೋಗಿ ಹುರಿದ ರವೆಯನ್ನು ಡಬ್ಬಿಗೆ ಸುರಿದು ಮುಚ್ಚಳ ಹಾಕಿದರು. ನಮ್ಮ ಮನೆಯಲ್ಲಿ ಇದಕ್ಕಿಂತ ದೊಡ್ಡ ಸರ್ಟಿಫಿಕೇಟು ಇನ್ನೂ ಯಾರಿಗೂ ಸಿಕ್ಕಿಲ್ಲ.