ಚಿತ್ರದಕ್ಕ ಬರೆದ ಕಾಲು

ಚಿತ್ರದಕ್ಕನಿಗೆ ಕೋಪ ಮೂಗಿನ ತುದಿಯಲ್ಲೇ ಇರುತ್ತದೆ ಅಂತ ಪ್ರಿಂಟಿಂಗ್ ಪ್ರೆಸ್ಸಿನಲ್ಲಿ ಎಲ್ಲರೂ ಹೇಳುತ್ತಾರೆ. ಶುದ್ಧ ಸುಳ್ಳು. ಇಪ್ಪತ್ತೊಂಬತ್ತು ವರ್ಷ ಸೋಪಿನ ಡಬ್ಬಿ, ಬಿಸ್ಕತ್ತಿನ ಪೊಟ್ಟಣ, ಬಲ್ಬಿನ ಪೆಟ್ಟಿಗೆ ಅಂತ ಹೇಳಿದ್ದನ್ನೆಲ್ಲ ತುಟಿಪಿಟಕ್ಕೆನ್ನದೆ ಬರೆದುಕೊಟ್ಟವಳು ಅವಳು. ಮೊದಲು ಬ್ರಷ್ಷಿನಲ್ಲಿ, ನಲವತ್ತಾರು ದಾಟಿದ ಮೇಲೆ, "ಈ ವಯಸ್ಸಲ್ಲಿ ಯಾಕಮ್ಮಾ" ಅಂದವರ ಬಾಯಿ ಮುಚ್ಚಿಸಿ, ಕಂಪ್ಯೂಟರಿನಲ್ಲಿ. ಅವಳು ನಿಜವಾಗಿ ಸಿಡಿದದ್ದು ಒಂದೇ ಸಲ, ಅದೂ ಒಂದು ಕಾಲಿನ ವಿಷಯಕ್ಕೆ.

ಆಸ್ಪತ್ರೆಗಳ ಗೋಡೆಗೆ ಹಾಕುವ ಚರ್ಮರೋಗದ ಚಾರ್ಟಿಗೆ ಆರ್ಡರ್ ಬಂದಿತ್ತು. ಹಳೇದನ್ನೇ ಹೊಸದಾಗಿ ಬರೆಯಬೇಕು. ಯಜಮಾನ ಅದನ್ನು ಮೇಜಿನ ಮೇಲೆ ಹರಡಿದ್ದೇ ತಡ, ಅಕ್ಕನ ಕಣ್ಣು ಒಂದೇ ಕಡೆ ನೆಟ್ಟಿತು. ಮೂರನೇ ಸಾಲಿನಲ್ಲಿ ಒಂದು ಗುಲಾಬಿ ಕಾಲು, ಅದರ ಮೇಲೆ ಕಡುಕೆಂಪು ಬಾವು. ಆರು ವರ್ಷದ ಹಿಂದೆ ಅವಳ ತಂಗಿ ಕಾಲುನೋವು ಅಂತ ಆಸ್ಪತ್ರೆಗೆ ಹೋದಾಗ, ಅಲ್ಲಿನ ಕಾಂಪೌಂಡರ್ ಇದೇ ಚಾರ್ಟನ್ನೊಮ್ಮೆ, ಅವಳ ಕಾಲನ್ನೊಮ್ಮೆ ನೋಡಿ, "ಕೆಂಪೇ ಇಲ್ವಲ್ಲಮ್ಮ, ಏನೂ ಆಗಿಲ್ಲ, ಮನೆಗೆ ಹೋಗು" ಅಂದಿದ್ದ. ಕಪ್ಪು ಚರ್ಮದಲ್ಲಿ ಕೆಂಪು ಎಲ್ಲಿಂದ ಕಾಣಬೇಕು, ಮಹಾರಾಯ? ಐದನೇ ದಿನ ಕಾಲು ಕೊಳೆತು, ಮಂಡಿಯ ಕೆಳಗೆ ಕತ್ತರಿಸಬೇಕಾಯಿತು.

"ಬರೀತೀನಿ," ಅಂದಳು ಅಕ್ಕ. ಆ ಕಾಲು ತಂಗಿಯ ಬಣ್ಣದ್ದೇ ಆಗಬೇಕು ಅಂತ ಆಗಲೇ ತೀರ್ಮಾನ ಮಾಡಿಬಿಟ್ಟಿದ್ದಳು.

ಫೋಟೊ ಇದ್ದಿದ್ದರೆ ಕೆಲಸ ಸಲೀಸು. ಆದರೆ ಕೊಳೆಯುತ್ತಿರೋ ಕಾಲಿನ ಫೋಟೊ ಯಾರು ತೆಗೆದಿಟ್ಟುಕೊಳ್ಳುತ್ತಾರೆ? ಹಾಗಾಗಿ ಅಕ್ಕ ಮೆಶ್ ಹಾಕಲು ಕೂತಳು. ಮೆಶ್ ಅಂದರೆ ಬಲೆ. ಪರದೆಯ ಮೇಲೆ ಬರೆದ ಕಾಲಿಗೆ ಉದ್ದಕ್ಕೂ ಅಡ್ಡಕ್ಕೂ ಗೆರೆ ಎಳೆದು, ಗೆರೆ ಗೆರೆ ಕೂಡಿದ ಚುಕ್ಕಿಯಲ್ಲಿ ಒಂದೊಂದು ಬಣ್ಣ ಬಿಡಬೇಕು. ಒಂದು ಬಣ್ಣ ಪಕ್ಕದ್ದರೊಳಗೆ ತಾನಾಗಿ ಕರಗಿ, ನೆರಳು ಬೆಳಕು ಮೂಡುತ್ತವೆ. ಹೊಸಬರು ಆಸೆಬುರುಕರ ಹಾಗೆ ಗೆರೆಯ ಮೇಲೆ ಗೆರೆ ತುರುಕಿ, ಚರ್ಮವನ್ನು ಆಲೂಗಡ್ಡೆ ಮೂಟೆ ಮಾಡಿಡುತ್ತಾರೆ. ಅಕ್ಕ ಕಲಿಯುವಾಗ ಬರೆದ ಮೊದಲ ಸೇಬಿಗೂ ಅದೇ ಗತಿಯಾಗಿತ್ತು. ಗೆರೆ ಕಡಿಮೆ ಇರಬೇಕು, ಬೇಕಾದ ಜಾಗದಲ್ಲೇ ಇರಬೇಕು.

ಬಣ್ಣ ಹೇಳೋಕೆ ಭಾನುವಾರ ತಂಗಿಯನ್ನು ಪ್ರೆಸ್ಸಿಗೆ ಕರೆತಂದಳು. ತಂಗಿ ಊರುಗೋಲನ್ನು ಪ್ರಿಂಟರಿಗೆ ಒರಗಿಸಿ ಕೂತಳು.

"ಅಯ್ಯೋ, ಅಷ್ಟು ದಪ್ಪ ಮೀನಖಂಡ ನಂದಲ್ಲ ಕಣೇ, ನಿಂದು!"

"ಬಾಯಿ ಮುಚ್ಕೊಂಡು ಬಣ್ಣ ಹೇಳು."

"ಬಾಯಿ ಮುಚ್ಕೊಂಡು ಹೆಂಗೆ ಹೇಳಲಿ? ಕೆಂಪು ತೆಗಿ. ಬದನೆಕಾಯಿ ಬಣ್ಣ ಹಾಕು. ಅಂಚಲ್ಲಿ ಬೂದಿ. ಹಾಂ, ಬಾವು ಇನ್ನೂ ಬಿಗಿ."

ಬಿಗಿ ಬೇಕಾದಲ್ಲಿ ಅಕ್ಕ ಗೆರೆಗಳನ್ನು ಹತ್ತಿರ ಹತ್ತಿರ ಎಳೆದಳು. ಒಟ್ಟು ನೂರಾ ಹನ್ನೆರಡು ಚುಕ್ಕಿ. ಮಧ್ಯಾಹ್ನದ ಹೊತ್ತಿಗೆ ತಂಗಿ "ಥೂ, ಅದೇ" ಅಂತ ಮುಖ ತಿರುಗಿಸಿದಳು.

ಸೋಮವಾರ ಯಜಮಾನ ಪರದೆ ನೋಡಿ ಹೌಹಾರಿದ.

"ಅಕ್ಕಾ, ಇದೇನು ಕಪ್ಪು ಕಾಲು? ಅವರು ಕೊಟ್ಟಿರೋದು ಗುಲಾಬಿ. ಒಂದು ಬಟನ್ ಒತ್ತಿ ಬದಲಾಯಿಸು."

"ನೂರಾ ಹನ್ನೆರಡು ಚುಕ್ಕಿ, ನೂರಾ ಹನ್ನೆರಡು ಬಣ್ಣ. ಬೇಕಾದರೆ ನೀವೇ ಕೂತು ಬದಲಾಯಿಸಿ."

"ಸುಮ್ನೆ ತಲೆ ತಿನ್ಬೇಡ. ಚಾರ್ಟ್ ಅಂದ್ರೆ ಗುಲಾಬಿನೇ ಇರೋದು."

"ನಿಮ್ಮ ಪ್ಯಾಂಟ್ ಸ್ವಲ್ಪ ಮೇಲಕ್ಕೆತ್ತಿ. ನೋಡೇಬಿಡೋಣ, ಒಳಗೆ ಯಾವ ಗುಲಾಬಿ ಇದೆ ಅಂತ."

ಬೈಂಡಿಂಗ್ ಮಾಡುತ್ತಿದ್ದವರು ಕಿಸಕ್ಕನೆ ನಕ್ಕರು. ಯಜಮಾನನ ಮುಖ ಇಂಗು ತಿಂದ ಮಂಗನಂತಾಯಿತು.

"ಕೆಲಸ ಬೇಕೋ ಬೇಡವೋ ನಿಂಗೆ?"

"ಬೇಕು. ಆದರೆ ಗುಲಾಬಿ ಕಾಲು ಜಪ್ಪಯ್ಯ ಅಂದರೂ ಬರೆಯಲ್ಲ."

"ನಾಳೆ ಒಪ್ಪಿಗೆ ಕೊಡೋಕೆ ಆಸ್ಪತ್ರೆ ಡಾಕ್ಟರಮ್ಮ ಬರ್ತಾರೆ. ಅವರು ಬೇಡ ಅಂದ್ರೆ, ಆ ಕಾಲಿನ ಜೊತೆ ನೀನೂ ಹೊರಡು."

"ಆಗಲಿ," ಅಂದಳು ಅಕ್ಕ.

ಡಾಕ್ಟರಮ್ಮ ಬಂದರು. ಕನ್ನಡಕ ಹಣೆಗೇರಿಸಿ, ಮಾದರಿ ಪ್ರಿಂಟಿಗೆ ಮೂಗು ತಾಗಿಸುವಷ್ಟು ಹತ್ತಿರ ಬಗ್ಗಿದರು.

"ಇದನ್ನ ಎಲ್ಲಿ ನೋಡಿ ಬರೆದ್ರಿ? ನಮ್ಮ ಪುಸ್ತಕಗಳಲ್ಲಿ ಹೀಗಿಲ್ಲ."

"ಪುಸ್ತಕದಲ್ಲಿ ಇಲ್ಲದ್ದಕ್ಕೇ ನನ್ನ ತಂಗಿಗೆ ಕಾಲಿಲ್ಲ," ಅಂದಳು ಅಕ್ಕ, ಕಡ್ಡಿ ಮುರಿದ ಹಾಗೆ.

ಯಜಮಾನ ಕಕ್ಕಾಬಿಕ್ಕಿಯಾಗಿ ಏನೋ ಹೇಳಲು ಬಂದ. ಡಾಕ್ಟರಮ್ಮ ಕೈಯೆತ್ತಿ ತಡೆದರು. "ವಾರ್ಡಲ್ಲಿ ನಾನು ನೋಡೋದು ಈ ಬಣ್ಣವೇ. ಆದರೆ ಇದು ನಾಲ್ಕನೇ ದಿನದ ಕಾಲು. ಅಷ್ಟೊತ್ತಿಗೆ ತಡ ಆಗಿರುತ್ತೆ. ಮೊದಲನೇ ದಿನದ್ದು ಬರೆದುಕೊಡ್ತೀರಾ?"

ಸಂಜೆ ತಂಗಿ ಮತ್ತೆ ಬಂದು ಕೂತಳು. ಈ ಸಲ ತಮಾಷೆಯಿಲ್ಲ.

"ಮೊದಲನೇ ದಿನ ಏನೂ ಇರಲಿಲ್ಲ ಕಣೇ. ಪಾಪ, ಕಾಣದ್ದನ್ನ ಆ ಕಾಂಪೌಂಡರ್ ಆದರೂ ಹೆಂಗೆ ಹೇಳ್ತಾನೆ? ನಾನೇ ಇನ್ನೊಂದು ಸಲ ಕೇಳಬೇಕಿತ್ತು. ತೆಪ್ಪಗೆ ಎದ್ದು ಬಂದೆ."

ಆರು ವರ್ಷದಿಂದ ಅವಳು ಹೇಳುತ್ತಿದ್ದದ್ದು ಇದೇ. ಕೇಳಿ ಕೇಳಿ ಅಕ್ಕನಿಗೆ ಸಾಕಾಗಿತ್ತು. "ಎರಡು ಕಾಲನ್ನೂ ಜೋಡಿಸಿ ನೋಡಿದ್ದೆ ತಾನೇ? ಇದಕ್ಕೂ ಅದಕ್ಕೂ ಏನು ವ್ಯತ್ಯಾಸ ಇತ್ತು? ಹೇಳು."

"ನೋವಿನ ಕಾಲು... ಒಂಚೂರು ಹೊಳೀತಿತ್ತು. ಪಾದದ ಮೇಲಿನ ಹರಡಿನ ಮೂಳೆ ಹೂತುಹೋದ ಹಾಗಿತ್ತು."

ಅಕ್ಕ ಎರಡು ಕಾಲು ಅಕ್ಕಪಕ್ಕ ಬರೆದಳು. ಒಂದರಲ್ಲಿ ಹರಡಿನ ಸುತ್ತಲಿನ ಎರಡು ಗೆರೆ ಅಳಿಸಿದಳು, ಮೂಳೆ ಮುಳುಗಿತು. ಮೇಲಿನ ಒಂದೇ ಒಂದು ಚುಕ್ಕಿಯನ್ನು ತಿಳಿಯಾಗಿಸಿದಳು, ಚರ್ಮ ಹೊಳೆಯಿತು. ತಂಗಿ ಆ ಕಾಲನ್ನೂ ಈ ಕಾಲನ್ನೂ ನೋಡಿದಳು.

"ಕಾಣ್ತಿತ್ತಲ್ಲೇ!" ಅಂತ ಕಿರುಚಿದಳು. "ಕಾಣ್ತಿತ್ತು! ಅವನು ನೋಡಲೇ ಇಲ್ಲ!"

ಬಿಕ್ಕಿ ಬಿಕ್ಕಿ ಅತ್ತಳು. ಅಕ್ಕ ಬೆನ್ನು ಸವರಿದಳು. ಆಮೇಲೆ ತಂಗಿ ಸೆರಗಿನಿಂದ ಮೂಗೊರೆಸಿಕೊಂಡು, ಚಿತ್ರದ ಕೆಳಗಿನ ಖಾಲಿ ಜಾಗ ತೋರಿಸಿದಳು. "ಇಲ್ಲಿ ಬರೆ. ಇಂಥ ಕಾಲು ಬಂದರೆ ಮನೆಗೆ ಕಳಿಸಬೇಡಿ ಅಂತ."

ಚಾರ್ಟಿನಲ್ಲಿ ರೋಗದ ಹೆಸರು ಬಿಟ್ಟು ಒಂದಕ್ಷರ ಹೆಚ್ಚು ಇರಬಾರದು ಅಂತ ಯಜಮಾನ ಕಟ್ಟುನಿಟ್ಟಾಗಿ ಹೇಳಿದ್ದ. ಅಕ್ಕ ಆ ಸಾಲನ್ನು ದಪ್ಪಕ್ಷರದಲ್ಲಿ ಬರೆದಳು.